ಆಟ ಕಲಿಸುವವರೂ ಉಪಾಧ್ಯಾಯರೇ

(ಅಂತಿಮ ಬಿ.ಎ. ತರಗತಿಯ ವಿದ್ಯಾರ್ಥಿನಿಯೊಬ್ಬಳಿಂದ)

ನಮ್ಮ ಕಾಲೇಜಿನಲ್ಲಿ ಆಟದ ವಿಷಯವಾಗಿ ಎರಡು ಮಾತುಗಳು ಬಳಕೆಯಲ್ಲಿವೆ. ಓದಿನಲ್ಲಿ ಮುಂದಿರುವವರು ಹೇಳುವ ಮಾತು: “ಪುಸ್ತಕ ಹಿಡಿಯಲಾರದವರು ಚೆಂಡು ಹಿಡಿಯುತ್ತಾರೆ.” ಆಟದಲ್ಲಿ ಮುಂದಿರುವವರು ಹೇಳುವ ಮಾತು: “ಕಾಲೇಜಿಗೆ ಕೀರ್ತಿ ತರುವವರು ನಾವು, ನಮಗೆ ಹಾಜರಿಯಲ್ಲಿ ರಿಯಾಯಿತಿ ಕೊಡಿ, ಟೆಸ್ಟಿನ ಅಂಕಗಳನ್ನೂ ಕೊಡಿ.” ಮೇಲುನೋಟಕ್ಕೆ ಇವು ಒಂದನ್ನೊಂದು ಖಂಡಿಸುವ ಮಾತುಗಳು. ಸ್ವಲ್ಪ ವಿಚಾರ ಮಾಡಿದರೆ ಎರಡೂ ಒಂದೇ ಬೇರಿನಿಂದ ಹುಟ್ಟಿದವೆಂದು ತಿಳಿಯುತ್ತದೆ. ಆಡುವವರಿಗೆ ಓದು ಹತ್ತದು ಎಂಬುದನ್ನು ಎರಡು ಪಕ್ಷದವರೂ ಒಪ್ಪಿಬಿಟ್ಟಿದ್ದಾರೆ. ಒಬ್ಬರು ಅದನ್ನು ಹಾಸ್ಯಕ್ಕೆ ಬಳಸಿದರೆ ಇನ್ನೊಬ್ಬರು ಅನುಕೂಲಕ್ಕೆ ಬಳಸುತ್ತಾರೆ, ಅಷ್ಟೆ.

ನಾನು ಎರಡು ವರ್ಷ ಕಾಲೇಜಿನ ಹುಡುಗಿಯರ ಬ್ಯಾಸ್ಕೆಟ್‌ಬಾಲ್ ತಂಡದಲ್ಲಿದ್ದವಳು. ತಂಡದಲ್ಲಿದ್ದೆ ಎಂದರೆ ಹೆಚ್ಚು ಕಾಲ ಬೆಂಚಿನ ಮೇಲಿದ್ದೆ ಎಂದೇ ಅರ್ಥ. ಗೆಳತಿಯರು ಜ್ಞಾಪಿಸುವ ಮೊದಲು ನಾನೇ ಹೇಳಿಬಿಡುವುದು ಕ್ಷೇಮ. ಆದರೆ ಬೆಂಚಿನ ಮೇಲೆ ಕುಳಿತವರಿಗೆ ಒಂದು ಲಾಭವುಂಟು. ಆಡುವವರನ್ನಷ್ಟೇ ಅಲ್ಲದೆ ಆಡಿಸುವವರನ್ನೂ ನೋಡಲು ಅವರಿಗೆ ಬಿಡುವಿರುತ್ತದೆ. ಆಡಿಸುವವರ ಕೆಲಸವೇನು, ಅದು ಉಪಾಧ್ಯಾಯ ವೃತ್ತಿಯೇ ಅಲ್ಲವೆ ಎಂಬ ಪ್ರಶ್ನೆ ನನ್ನನ್ನು ಬಹಳ ದಿನಗಳಿಂದ ಕಾಡಿದೆ. ಅದಕ್ಕೆ ನನಗೆ ದೊರೆತ ಒಳ್ಳೆಯ ಉತ್ತರ ಒಬ್ಬ ಹೆಂಗಸಿನ ಜೀವನಚರಿತ್ರೆ. ಆಕೆ ನಮ್ಮ ನಾಡಿನವಳಲ್ಲ, ಅಮೆರಿಕದ ಟೆನೆಸಿ ಸಂಸ್ಥಾನದವಳು. ಹೆಸರು ಪ್ಯಾಟ್ ಸಮಿಟ್. ಒಂದೇ ವಿಶ್ವವಿದ್ಯಾನಿಲಯದಲ್ಲಿ ೩೮ ವರ್ಷ ಹುಡುಗಿಯರಿಗೆ ಬ್ಯಾಸ್ಕೆಟ್‌ಬಾಲ್ ಕಲಿಸಿ, ೧,೦೯೮ ಪಂದ್ಯಗಳನ್ನು ಗೆದ್ದು, ೨೦೮ರಲ್ಲಿ ಸೋತು, ೨೦೧೬ರಲ್ಲಿ ತೀರಿಕೊಂಡಾಕೆ. ಗೆಲುವಿನ ಲೆಕ್ಕ ಇಲ್ಲಿಗೆ ಸಾಕು. ನನಗೆ ಬೇಕಾದದ್ದು ಬೇರೆ.

ಆಕೆ ೧೯೫೨ನೆಯ ಜೂನ್ ೧೪ರಂದು ಕ್ಲಾರ್ಕ್ಸ್‌ವಿಲ್ ಎಂಬ ಊರಿನಲ್ಲಿ ರೈತ ಕುಟುಂಬವೊಂದರಲ್ಲಿ ಹುಟ್ಟಿದಳು. ಆಗಿನ ಹೆಸರು ಪೆಟ್ರಿಷಿಯಾ ಹೆಡ್. ಮೂವರು ಅಣ್ಣಂದಿರು, ಒಬ್ಬಳು ತಂಗಿ. ಮನೆಯಲ್ಲಿ ಹಾಲು ಕರೆಯುವ ಹಸುಗಳು, ಹೊಲದಲ್ಲಿ ಹೊಗೆಸೊಪ್ಪು. ನಮ್ಮ ಹುಣಸೂರು, ಪಿರಿಯಾಪಟ್ಟಣದ ಕಡೆಯಿಂದ ಬಂದವರಿಗೆ ಹೊಗೆಸೊಪ್ಪಿನ ಬೇಸಾಯವೆಂದರೇನೆಂದು ನಾನು ವಿವರಿಸಬೇಕಾಗಿಲ್ಲ. ಸೊಪ್ಪು ಮುರಿಯುವ ಕಾಲ ಬಂದರೆ ಮನೆಯಲ್ಲಿ ಮಕ್ಕಳೆಂದು ಯಾರನ್ನೂ ಲೆಕ್ಕ ಹಿಡಿಯುವುದಿಲ್ಲ, ಎಲ್ಲರೂ ಆಳುಗಳೇ. ಈ ಹುಡುಗಿಯ ತಂದೆಯೂ ಹಾಗೆಯೇ. ಹುಡುಗಿಯೆಂಬ ಕಾರಣಕ್ಕೆ ಕೆಲಸದಲ್ಲಿ ಒಂದು ಕೂದಲೆಳೆಯಷ್ಟೂ ಕಡಿಮೆ ಮಾಡಿದವರಲ್ಲ. ಕೆಲಸ ಮುಗಿದ ಮೇಲೆ ರಾತ್ರಿ, ಒಣಹುಲ್ಲು ತುಂಬುವ ಅಟ್ಟದಲ್ಲಿ ಬುಟ್ಟಿ ಕಟ್ಟಿಕೊಂಡು ನಾಲ್ವರೂ ಆಡುತ್ತಿದ್ದರು. ಇಬ್ಬರ ಮೇಲೆ ಇಬ್ಬರು. ಅಣ್ಣಂದಿರು ತಂಗಿಗೆಂದು ಮೆಲ್ಲಗೆ ಆಡುವವರಾಗಿರಲಿಲ್ಲ.

ಅಟ್ಟದಿಂದ ಕೆಳಗಿಳಿದು ಶಾಲೆಗೆ ಹೋದರೆ ಕಥೆಯೇ ಬೇರೆ. ಇದನ್ನು ಸ್ವಲ್ಪ ವಿಸ್ತಾರವಾಗಿ ಹೇಳಬೇಕು. ಬ್ಯಾಸ್ಕೆಟ್‌ಬಾಲನ್ನು ಜೇಮ್ಸ್ ನೇಸ್ಮಿತ್ ಎಂಬ ವ್ಯಾಯಾಮ ಶಿಕ್ಷಕರು ೧೮೯೧ರಲ್ಲಿ ಸ್ಪ್ರಿಂಗ್‌ಫೀಲ್ಡ್ ನಗರದಲ್ಲಿ ಹುಟ್ಟುಹಾಕಿದರೆಂಬುದನ್ನು ಎಲ್ಲರೂ ಬಲ್ಲರು. ಸ್ವಲ್ಪ ಕಾಲದಲ್ಲೇ ಸ್ಮಿತ್ ಕಾಲೇಜಿನ ಸೆಂಡಾ ಬೆರೆನ್ಸನ್ ಎಂಬ ಶಿಕ್ಷಕಿ ಅದನ್ನು ಹುಡುಗಿಯರಿಗೆ ಕಲಿಸತೊಡಗಿದರು. ಹುಡುಗಿಯರು ಬಳಲಬಾರದೆಂದು ಅಂಕಣವನ್ನು ಮೂರು ಭಾಗ ಮಾಡಿ, ಒಂದು ಭಾಗದವರು ಇನ್ನೊಂದಕ್ಕೆ ಕಾಲಿಡದಂತೆ ನಿಯಮ ಮಾಡಿದರು. ಆಕೆಯ ಉದ್ದೇಶ ಒಳ್ಳೆಯದೇ. ಆ ಕಾಲದಲ್ಲಿ ಹುಡುಗಿಯರು ಓಡುವುದೇ ಒಂದು ಸಾಹಸವಾಗಿತ್ತಷ್ಟೆ. ಆದರೆ ಕರುಣೆಯಿಂದ ಹುಟ್ಟಿದ ನಿಯಮಕ್ಕೆ ಆಯಸ್ಸು ಹೆಚ್ಚು. ಮುಂದೆ ಅದು ಆರು ಜನರ ಆಟವಾಗಿ ಬೆಳೆಯಿತು: ಮೂವರು ಚೆಂಡನ್ನು ಬುಟ್ಟಿಗೆ ಹಾಕುವವರು, ಮೂವರು ಬರೀ ತಡೆಯುವವರು, ನಡುಗೆರೆಯನ್ನು ಯಾರೂ ದಾಟುವಂತಿಲ್ಲ. ತಡೆಯುವ ಸ್ಥಾನದ ಹುಡುಗಿ ಶಾಲೆಯ ಅಷ್ಟೂ ವರ್ಷ ಆಡಿ, ಪಂದ್ಯದಲ್ಲಿ ಒಮ್ಮೆಯೂ ಬುಟ್ಟಿಯ ಕಡೆಗೆ ಚೆಂಡು ಎಸೆಯದೆ ಮನೆಗೆ ಹೋಗಬಹುದಾಗಿತ್ತು. ಟೆನೆಸಿಯ ಹೈಸ್ಕೂಲುಗಳಲ್ಲಿ ಈ ಪದ್ಧತಿ ೧೯೭೯ರವರೆಗೂ ಉಳಿಯಿತು. ಒಕ್ಲಹೋಮ ಸಂಸ್ಥಾನದಲ್ಲಂತೂ ೧೯೯೫ರವರೆಗೆ. ಮುಂದೆ ಪ್ಯಾಟ್ ಸಮಿಟ್ ಈ ಆರರ ಆಟವನ್ನು ಬಿಟ್ಟು ಐವರ ಪೂರ್ಣ ಅಂಕಣದ ಆಟವನ್ನು ತರಬೇಕೆಂದು ಗಟ್ಟಿಯಾಗಿ ವಾದಿಸಿದವರಲ್ಲಿ ಒಬ್ಬರು. ನಮ್ಮ ದೇಹಕ್ಕೆ ಇಷ್ಟೇ ಸಾಕು ಎಂದು ಬೇರೆಯವರು ಗೆರೆ ಹಾಕುವ ಈ ಕರುಣೆ ನನಗೆ ಅಪರಿಚಿತವಲ್ಲ. ಓದುಗರಲ್ಲಿ ಹುಡುಗಿಯರಾದವರಿಗೂ ಅಪರಿಚಿತವಿರಲಾರದು.

ಹೈಸ್ಕೂಲಿಗೆ ಬರುವ ಹೊತ್ತಿಗೆ ಇನ್ನೊಂದು ತೊಡಕು. ಕ್ಲಾರ್ಕ್ಸ್‌ವಿಲ್‌ನ ಹೈಸ್ಕೂಲಿನಲ್ಲಿ ಹುಡುಗಿಯರ ತಂಡವೇ ಇರಲಿಲ್ಲ. ಆಗ ತಂದೆ ಮಾಡಿದ ಕೆಲಸ ಆಶ್ಚರ್ಯಕರವಾದುದು. ಮಗಳು ಆಡಲೆಂದು ಸಂಸಾರವನ್ನೇ ಎತ್ತಿಕೊಂಡು ಪಕ್ಕದ ಕೌಂಟಿಯ ಹೆನ್ರಿಯೆಟ್ಟಾ ಎಂಬ ಹಳ್ಳಿಗೆ ಹೋಗಿ ನೆಲೆಸಿದರು. ಆ ಕಡೆಯ ಶಾಲೆಯಲ್ಲಿ ತಂಡವಿತ್ತು. ಮಗನ ಓದಿಗಾಗಿ ಊರು ಬಿಟ್ಟು ಪೇಟೆ ಸೇರಿದವರನ್ನು ನಮ್ಮ ಹಳ್ಳಿಯಲ್ಲಿ ನಾನು ಕಂಡಿದ್ದೇನೆ. ಮಗಳ ಆಟಕ್ಕಾಗಿ ಊರು ಬಿಟ್ಟವರನ್ನು ಇನ್ನೂ ಕಂಡಿಲ್ಲ. ಆ ತಂದೆ ಮೃದು ಸ್ವಭಾವದವರೇನಲ್ಲ, ಮೆಚ್ಚಿಗೆಯ ಮಾತನ್ನು ಬಾಯಿಬಿಟ್ಟು ಆಡುವವರಲ್ಲ. ಗಂಟುಮೂಟೆ ಕಟ್ಟಿದ್ದೇ ಅವರ ಮಾತು.

೧೯೭೦ರಲ್ಲಿ ಆಕೆ ಮಾರ್ಟಿನ್ ಎಂಬ ಊರಿನಲ್ಲಿದ್ದ ಟೆನೆಸಿ ವಿಶ್ವವಿದ್ಯಾನಿಲಯದ ಶಾಖೆಗೆ ಸೇರಿದಳು. ಮೂವರು ಅಣ್ಣಂದಿರೂ ಆಟದ ವಿದ್ಯಾರ್ಥಿವೇತನ ಪಡೆದು ಓದಿದವರು. ಆಕೆಗೆ ಮಾತ್ರ ಅಪ್ಪ ಅಮ್ಮ ಕೈಯಿಂದ ಹಣ ಕಟ್ಟಬೇಕಾಯಿತು, ಏಕೆಂದರೆ ಹೆಣ್ಣುಮಕ್ಕಳಿಗೆ ಆಟದ ವಿದ್ಯಾರ್ಥಿವೇತನವೆಂಬುದೇ ಇರಲಿಲ್ಲ. ಒಂದೇ ಅಟ್ಟದಲ್ಲಿ ಆಡಿ ಬೆಳೆದ ನಾಲ್ವರಲ್ಲಿ ಮೂವರ ಆಟಕ್ಕೆ ಬೆಲೆ, ಒಬ್ಬಳ ಆಟಕ್ಕೆ ಇಲ್ಲ. ಆಕೆಗೆ ಇಪ್ಪತ್ತು ತುಂಬಿದ ತಿಂಗಳಲ್ಲೇ, ಅಂದರೆ ೧೯೭೨ರ ಜೂನ್‌ನಲ್ಲಿ, ‘ಒಂಬತ್ತನೆಯ ಶೀರ್ಷಿಕೆ’ ಎಂದು ಹೆಸರಾದ ಕಾನೂನು ಬಂದಿತು. ಕೇಂದ್ರ ಸರ್ಕಾರದ ಹಣ ಪಡೆಯುವ ಯಾವ ವಿದ್ಯಾ ಕಾರ್ಯಕ್ರಮದಲ್ಲೂ ಲಿಂಗಭೇದದಿಂದ ಯಾರನ್ನೂ ಹೊರಗಿಡಕೂಡದು ಎಂಬುದು ಅದರ ತಿರುಳು. ಮೂಲ ಇಂಗ್ಲಿಷಿನಲ್ಲಿ ಅದು ಬರೀ ೩೭ ಪದಗಳ ಒಂದು ವಾಕ್ಯ. ಅದರಲ್ಲಿ ಆಟದ ಪ್ರಸ್ತಾಪವೇ ಇಲ್ಲ. ಆದರೂ ಅಮೆರಿಕದ ಹುಡುಗಿಯರ ಪಾಲಿಗೆ ಮೈದಾನದ ಬಾಗಿಲು ತೆರೆದದ್ದು ಆ ವಾಕ್ಯವೇ. ರಾಜ್ಯಶಾಸ್ತ್ರ ಓದುವ ನನ್ನಂಥವರಿಗೆ ಇದರಲ್ಲಿ ಯೋಚಿಸಲು ಬಹಳವಿದೆ. ಆದರೆ ಅದು ಬೇರೊಂದು ಲೇಖನದ ವಸ್ತು.

ಕಾನೂನು ಬಂದ ಮಾತ್ರಕ್ಕೆ ಹಣ ಬರಲಿಲ್ಲ. ೧೯೭೪ರ ಆರಂಭದಲ್ಲಿ, ಕಾಲೇಜಿನ ಕೊನೆಯ ವರ್ಷದಲ್ಲಿ, ಆಡುವಾಗ ಮೊಣಕಾಲಿನ ಕಟ್ಟು ಹರಿದುಹೋಯಿತು. ಆ ಕಾಲಕ್ಕೆ ಅಂಥ ಪೆಟ್ಟು ಬಿದ್ದರೆ ಆಟ ಮುಗಿಯಿತೆಂದೇ ತಿಳಿಯುತ್ತಿದ್ದರು. ಎರಡು ವರ್ಷದಲ್ಲಿ ಒಲಿಂಪಿಕ್ಸ್ ಬರುತ್ತಿತ್ತು. ಹೆಂಗಸರ ಬ್ಯಾಸ್ಕೆಟ್‌ಬಾಲನ್ನು ಮೊತ್ತಮೊದಲು ಅಲ್ಲಿ ಸೇರಿಸಲಿದ್ದರು. ತಂದೆ ವೈದ್ಯರಿಗೆ ಕಾಲನ್ನು ಸರಿಮಾಡಲೇಬೇಕೆಂದು ಹೇಳಿದರು. ಆ ವರ್ಷವೇ ಪದವಿ ಮುಗಿಸಿ, ಎಂ.ಎ.ಗೆ ಸಮಾನವಾದ ವ್ಯಾಯಾಮ ಶಿಕ್ಷಣದ ತರಗತಿಗೆಂದು ನಾಕ್ಸ್‌ವಿಲ್ ನಗರದ ಟೆನೆಸಿ ವಿಶ್ವವಿದ್ಯಾನಿಲಯಕ್ಕೆ ಬಂದಳು. ಸಹಾಯಕಿಯಾಗಿ ಹುಡುಗಿಯರ ತಂಡವನ್ನು ನೋಡಿಕೊಳ್ಳುವುದೆಂದು ಮಾತಾಗಿತ್ತು. ಅಷ್ಟರಲ್ಲಿ ಇದ್ದ ಮುಖ್ಯ ಶಿಕ್ಷಕಿ ರಜೆಯ ಮೇಲೆ ಹೋದುದರಿಂದ ಇಪ್ಪತ್ತೆರಡರ ಹುಡುಗಿಯೇ ಮುಖ್ಯ ಶಿಕ್ಷಕಿಯಾದಳು. ಉಪಾಧ್ಯಾಯರನ್ನು ಏಕವಚನದಲ್ಲಿ ಕರೆಯುವುದು ನಮ್ಮ ರೂಢಿಯಲ್ಲ. ಆದುದರಿಂದ ಇಲ್ಲಿಂದ ಮುಂದೆ ನಾನು ಬಹುವಚನವನ್ನೇ ಬಳಸುತ್ತೇನೆ.

ಸಂಬಳ ತಿಂಗಳಿಗೆ ೨೫೦ ಡಾಲರು. ತಂಡದ ನಾಲ್ವರು ಆಟಗಾರ್ತಿಯರು ಶಿಕ್ಷಕಿಗಿಂತ ಒಂದೇ ವರ್ಷ ಚಿಕ್ಕವರು. ಸಮವಸ್ತ್ರ ಕೊಳ್ಳಲು ಹುಡುಗಿಯರು ಡೋನಟ್ ಎಂಬ ಸಿಹಿತಿಂಡಿ ಮಾರಿ ಹಣ ಕೂಡಿಸಿದ್ದರು. ಆ ಬಟ್ಟೆಗಳನ್ನು ಒಗೆಯುವವರು ಶಿಕ್ಷಕಿಯೇ. ಪರಸ್ಥಳದ ಪಂದ್ಯಗಳಿಗೆ ವ್ಯಾನು ನಡೆಸುವವರೂ ಶಿಕ್ಷಕಿಯೇ. ಹೋಟೆಲಿಗೆ ಹಣವಿಲ್ಲದಾಗ ಎದುರಾಳಿ ಕಾಲೇಜಿನ ವ್ಯಾಯಾಮ ಶಾಲೆಯಲ್ಲಿ ಚಾಪೆ ಹಾಸಿಕೊಂಡು ರಾತ್ರಿ ಕಳೆದು, ಮಾರನೆಯ ದಿನ ಅಲ್ಲೇ ಆಡಿದ್ದುಂಟು. ಮೊದಲನೆಯ ಪಂದ್ಯ ೧೯೭೪ರ ಡಿಸೆಂಬರಿನಲ್ಲಿ ಮರ್ಸರ್ ವಿಶ್ವವಿದ್ಯಾನಿಲಯದ ಮೇಲೆ; ೮೩–೮೪ರಿಂದ, ಒಂದೇ ಅಂಕದಿಂದ ಸೋತರು. ಮುಂದೆ ೧,೦೯೮ ಗೆಲ್ಲಲಿರುವವರ ಆರಂಭ ಹೀಗಿತ್ತು.

ಈ ಎರಡು ವರ್ಷಗಳ ಅವರ ದಿನಚರಿಯನ್ನು ನಮ್ಮ ಸಹಪಾಠಿಗಳು ಗಮನಿಸಬೇಕು. ಸ್ನಾತಕೋತ್ತರ ವಿದ್ಯಾರ್ಥಿನಿಯಾಗಿ ಓದುವುದು ಒಂದು, ವ್ಯಾಯಾಮ ಶಿಕ್ಷಣದ ತರಗತಿಗಳಿಗೆ ಪಾಠ ಹೇಳುವುದು ಎರಡು, ತಂಡ ನಡೆಸುವುದು ಮೂರು, ಗಾಯಗೊಂಡ ಕಾಲನ್ನು ಒಲಿಂಪಿಕ್ಸ್‌ಗೆ ಸಿದ್ಧಗೊಳಿಸುವುದು ನಾಲ್ಕು. ೧೯೭೬ರಲ್ಲಿ ಮಾಂಟ್ರಿಯಲ್‌ನಲ್ಲಿ ಅವರು ಅಮೆರಿಕದ ತಂಡದ ಇಬ್ಬರು ನಾಯಕಿಯರಲ್ಲಿ ಒಬ್ಬರಾಗಿ ಆಡಿದರು. ಸೋವಿಯತ್ ಒಕ್ಕೂಟಕ್ಕೆ ಚಿನ್ನ, ಅಮೆರಿಕಕ್ಕೆ ಬೆಳ್ಳಿ. ಎಂಟು ವರ್ಷಗಳ ಮೇಲೆ, ೧೯೮೪ರಲ್ಲಿ, ಲಾಸ್ ಏಂಜಲೀಸ್‌ನಲ್ಲಿ ತಮ್ಮ ದೇಶದ ತಂಡಕ್ಕೆ ಶಿಕ್ಷಕಿಯಾಗಿ ಚಿನ್ನ ಗೆಲ್ಲಿಸಿದರು. ಆ ವೇಳೆಗೆ ಮದುವೆಯಾಗಿ ಹೆಡ್ ಹೋಗಿ ಸಮಿಟ್ ಆಗಿತ್ತು.

ಆದರೆ ಸ್ವಂತ ವಿಶ್ವವಿದ್ಯಾನಿಲಯಕ್ಕೆ ರಾಷ್ಟ್ರ ಚಾಂಪಿಯನ್ ಪದವಿ ದೊರೆತದ್ದು ೧೯೮೭ರಲ್ಲಿ, ಅಂದರೆ ಹದಿಮೂರನೆಯ ವರ್ಷದಲ್ಲಿ. ಹದಿಮೂರು ವರ್ಷ! ನಮ್ಮಲ್ಲಿ ಒಂದು ವರ್ಷ ವಲಯ ಪಂದ್ಯ ಸೋತರೆ ಮರುವರ್ಷ ತಂಡಕ್ಕೆ ಚೆಂಡು ಕೊಳ್ಳಬೇಕೆ ಬೇಡವೆ ಎಂಬ ಚರ್ಚೆ ನಡೆಯುತ್ತದೆ. ಆಮೇಲೆ ೧೯೮೯, ೧೯೯೧, ೧೯೯೬, ೧೯೯೭, ೧೯೯೮, ೨೦೦೭ ಮತ್ತು ೨೦೦೮, ಒಟ್ಟು ಎಂಟು. ೧೯೯೮ರ ತಂಡ ೩೯ ಪಂದ್ಯ ಆಡಿ ೩೯ನ್ನೂ ಗೆದ್ದಿತು. ಎಲ್ಲರೂ ಹೊಗಳುವುದು ಆ ತಂಡವನ್ನು. ನನಗೆ ಪ್ರಿಯವಾದದ್ದು ಅದರ ಹಿಂದಿನ ವರ್ಷದ ತಂಡ. ಅದು ಹತ್ತು ಪಂದ್ಯ ಸೋತಿತ್ತು. ಹತ್ತು ಸಲ ಸೋತ ತಂಡ ಚಾಂಪಿಯನ್ ಆಗುವುದೆಂದು ಯಾರೂ ಎಣಿಸಿರಲಿಲ್ಲ. ಅದು ಕೊನೆಯ ಸುತ್ತುಗಳಿಗೆ ಬಂದು, ಆ ತನಕ ಒಂದೂ ಸೋಲಿಲ್ಲದಿದ್ದ ಕನೆಕ್ಟಿಕಟ್ ತಂಡವನ್ನು ಸೋಲಿಸಿ, ಕೊನೆಗೆ ಓಲ್ಡ್ ಡೊಮಿನಿಯನ್ ತಂಡವನ್ನು ೬೮–೫೯ರಿಂದ ಗೆದ್ದಿತು. ಮೊದಲೇ ಬಲವಾಗಿದ್ದವರನ್ನು ಗೆಲ್ಲಿಸುವುದಕ್ಕಿಂತ ವರ್ಷದ ನಡುವೆ ಎಡವುತ್ತಿದ್ದವರನ್ನು ವರ್ಷದ ಕೊನೆಗೆ ನಿಲ್ಲಿಸುವುದರಲ್ಲಿ ಉಪಾಧ್ಯಾಯರ ಕೈ ಹೆಚ್ಚು ಕಾಣುತ್ತದೆ ಎಂದು ನನ್ನ ಎಣಿಕೆ. ರ್‍ಯಾಂಕ್ ಬರುವ ವಿದ್ಯಾರ್ಥಿಯನ್ನು ತಯಾರು ಮಾಡಿದೆವೆಂದು ಹೇಳಿಕೊಳ್ಳುವ ಕಾಲೇಜುಗಳಿಗೂ ಈ ಮಾತು ಸಲ್ಲುತ್ತದೆ.

ಇನ್ನು ನಾನು ಹೇಳಬೇಕೆಂದಿದ್ದ ಮುಖ್ಯ ಸಂಗತಿಗೆ ಬರುತ್ತೇನೆ. ಸಮಿಟ್ ಅವರ ತಂಡದಲ್ಲಿ ಒಂದು ನಿಯಮವಿತ್ತು. ಆಟಗಾರ್ತಿಯರು ಯಾವ ತರಗತಿಗೆ ಹೋದರೂ ಮೊದಲ ಮೂರು ಸಾಲುಗಳಲ್ಲೇ ಕುಳಿತುಕೊಳ್ಳಬೇಕು. ಸಕಾರಣವಿಲ್ಲದೆ ಒಂದು ತರಗತಿಯನ್ನೂ ತಪ್ಪಿಸಕೂಡದು. ತಪ್ಪಿಸಿದವಳು ಪಂದ್ಯದಲ್ಲಿ ಆಡುವಂತಿಲ್ಲ. ತಂಡದ ಅತ್ಯುತ್ತಮ ಆಟಗಾರ್ತಿಗೂ ಇದೇ ನಿಯಮ. ಇದರ ಫಲವೇನೆಂದರೆ, ೩೮ ವರ್ಷಗಳಲ್ಲಿ ಅವರ ಕೈಕೆಳಗೆ ತಮ್ಮ ಆಟದ ಅವಧಿಯನ್ನು ಪೂರ್ಣಗೊಳಿಸಿದ ಪ್ರತಿಯೊಬ್ಬ ಹುಡುಗಿಯೂ ಪದವಿ ಪಡೆದಳು. ನೂರಕ್ಕೆ ನೂರು. ಎಂಟು ಚಾಂಪಿಯನ್ ಪದವಿಗಳಿಗಿಂತ ಈ ಸಂಖ್ಯೆ ನನಗೆ ದೊಡ್ಡದಾಗಿ ಕಾಣುತ್ತದೆ. ನಮ್ಮ ಮನೆತನದಲ್ಲಿ ಪದವಿ ತರಗತಿಯ ಹೊಸಿಲು ತುಳಿದವಳು ನಾನೇ ಮೊದಲನೆಯವಳಾದುದರಿಂದ ಹೀಗೆ ತೋರುತ್ತಿರಬಹುದು. ಮನೆಯಲ್ಲಿ ನಾಲ್ಕಾರು ಪದವಿಗಳಿದ್ದವರಿಗೆ ಒಂದು ಪದವಿ ತಪ್ಪಿದರೆ ಅದು ನಷ್ಟ. ನಮ್ಮಂಥವರಿಗೆ ತಪ್ಪಿದರೆ ಹಿಂದಿರುಗಿ ಹೋಗುವ ದಾರಿ ಹೊಲಕ್ಕೆ ಮಾತ್ರ.

ಆದ್ದರಿಂದಲೇ ಹಾಜರಿಯ ರಿಯಾಯಿತಿಯನ್ನು ನಾನು ವಿರೋಧಿಸುತ್ತೇನೆ. ಆಡುವವರಲ್ಲಿ ಬಹುಮಂದಿ ನನ್ನಂತೆ ಹಳ್ಳಿಯಿಂದ ಬಂದವರು. ಅವರಿಗೆ ‘ನೀವು ತರಗತಿಗೆ ಬರದಿದ್ದರೂ ನಡೆಯುತ್ತದೆ’ ಎಂದು ಹೇಳುವುದು ಉಪಕಾರದಂತೆ ಕಾಣುತ್ತದೆ. ವಾಸ್ತವವಾಗಿ ಅದು ಹಳೆಯ ಆರರ ಆಟದ ನಡುಗೆರೆಯೇ: ನೀನು ಈ ಅರ್ಧದಲ್ಲಿರು, ಆ ಅರ್ಧ ಬೇರೆಯವರಿಗೆ. ಮೂರು ವರ್ಷ ಕಪ್ಪುಗಳನ್ನು ಗೆದ್ದುಕೊಟ್ಟು, ಕೊನೆಗೆ ಎರಡು ವಿಷಯ ಉಳಿಸಿಕೊಂಡು ಊರಿಗೆ ಹೋದವರು ನಮ್ಮ ಕಣ್ಣ ಮುಂದೆಯೇ ಇದ್ದಾರೆ. ಕಪ್ಪುಗಳು ಪ್ರಾಂಶುಪಾಲರ ಕೊಠಡಿಯ ಗಾಜಿನ ಬೀರುವಿನಲ್ಲಿವೆ.

ಇದಕ್ಕೆ ಪ್ರತಿಯಾಗಿ ನನ್ನ ತಂಡದ ಗೆಳತಿಯೊಬ್ಬಳು ಒಂದು ಮಾತು ಹೇಳಿದಳು. “ಅಲ್ಲಿಯ ಹುಡುಗಿಯರಿಗೆ ಊಟ, ವಸತಿ, ಫೀಸು ಎಲ್ಲ ವಿಶ್ವವಿದ್ಯಾನಿಲಯವೇ ಕೊಡುತ್ತದೆ. ನಾವು ಕೊಟ್ಟಿಗೆ ಕೆಲಸ ಮುಗಿಸಿ, ಮೊದಲನೆಯ ಬಸ್ಸಿಗೆ ನಿಂತುಕೊಂಡು ಬಂದು, ಆಡಿ, ಮುಂದಿನ ಸಾಲಿನಲ್ಲಿ ಕುಳಿತು ತೂಕಡಿಸಬೇಕೇನೆ?” ಎಂದಳು. ಮಾತು ನ್ಯಾಯವಾದದ್ದು, ನಾನು ಅಲ್ಲಗಳೆಯುವುದಿಲ್ಲ. ಆದರೆ ಅದು ಊಟ, ಬಸ್ಸು, ವಿದ್ಯಾರ್ಥಿವೇತನ ಕೇಳುವುದಕ್ಕೆ ಕಾರಣವಾಗುತ್ತದೆಯೇ ಹೊರತು ಪಾಠ ಬಿಡುವುದಕ್ಕೆ ಕಾರಣವಾಗುವುದಿಲ್ಲ. ಪಂದ್ಯದ ದಿನವೇ ಟೆಸ್ಟು ಬಂದರೆ ಆ ಟೆಸ್ಟನ್ನು ಇನ್ನೊಂದು ದಿನ ನಡೆಸಲಿ, ನಾವು ಬರೆಯುತ್ತೇವೆ. ಬರೆಯದೆಯೇ ಅಂಕ ಕೊಡುವುದು ಬೇಡ. ಈ ಎರಡಕ್ಕೂ ಇರುವ ಅಂತರವನ್ನು ನಮ್ಮ ವಿದ್ಯಾರ್ಥಿ ಸಂಘದವರು ಇನ್ನೂ ಸರಿಯಾಗಿ ಕಂಡಂತಿಲ್ಲ.

ಉಪಾಧ್ಯಾಯರೆಂದ ಮೇಲೆ ಪಾಠವೊಂದನ್ನೇ ನೋಡಿದರೆ ಸಾಲದು. ಟಮೀಕಾ ಕ್ಯಾಚಿಂಗ್ಸ್ ಎಂಬ ಆಟಗಾರ್ತಿಯ ವಿಷಯ ಇಲ್ಲಿ ಹೇಳಬೇಕು. ಆಕೆಗೆ ಹುಟ್ಟಿನಿಂದ ಕಿವಿ ಮಂದ. ಎಳವೆಯಲ್ಲಿ ಶ್ರವಣಯಂತ್ರ ಹಾಕಿಕೊಳ್ಳುತ್ತಿದ್ದಳು. ಶಾಲೆಯ ಮಕ್ಕಳು ನಗುತ್ತಿದ್ದುದನ್ನು ತಾಳಲಾರದೆ ಒಂದು ದಿನ ಅದನ್ನು ಎಸೆದುಬಿಟ್ಟಳು. ಆಮೇಲೆ ತುಟಿಯ ಚಲನೆ ನೋಡಿ ಅರ್ಥ ಮಾಡಿಕೊಳ್ಳುತ್ತ ಕಾಲೇಜಿನವರೆಗೂ ಬಂದಳು. ಸಮಿಟ್ ಅವರು ಆಕೆಯನ್ನು ಕರೆದು, ಮತ್ತೆ ಯಂತ್ರ ಹಾಕಿಕೊಳ್ಳುವಂತೆ ಒಪ್ಪಿಸಿದರು. ಆ ಹುಡುಗಿ ಮುಂದೆ ೨೦೦೪ರಿಂದ ೨೦೧೬ರವರೆಗೆ ನಾಲ್ಕು ಒಲಿಂಪಿಕ್ಸ್‌ಗಳಲ್ಲಿ ನಾಲ್ಕು ಚಿನ್ನ ಗೆದ್ದಳು. ಚೆಂಡೆಸೆಯುವುದನ್ನು ಯಾರಾದರೂ ಕಲಿಸಬಹುದು. ಮುಚ್ಚಿಟ್ಟುಕೊಂಡ ಊನವನ್ನು ಕಂಡು, ಅದನ್ನು ನಾಚಿಕೆಯಾಗದಂತೆ ಹೊರಗೆ ತರುವುದು ಉಪಾಧ್ಯಾಯರ ಕೆಲಸ. ತರಗತಿಯ ಹಿಂದಿನ ಬೆಂಚಿನಲ್ಲಿ ಕರಿಹಲಗೆ ಕಾಣದೆ ಪಕ್ಕದವರ ನೋಟು ನೋಡಿ ಬರೆದುಕೊಳ್ಳುವವರು ನಮ್ಮಲ್ಲಿ ಎಷ್ಟು ಮಂದಿಯಿಲ್ಲ!

ಹಾಗೆಂದು ಸಮಿಟ್ ಅವರು ಮಾಡಿದ್ದನ್ನೆಲ್ಲ ನಾನು ಹೊಗಳುವವಳಲ್ಲ. ಅವರು ಹೊಸತಾಗಿ ಶಿಕ್ಷಕಿಯಾದ ಕಾಲದಲ್ಲಿ ಹುಡುಗಿಯರು ಒಂದು ರಾತ್ರಿ ಹೊತ್ತು ಮೀರಿ ಹೊರಗಿದ್ದು ಬಂದರಂತೆ. ಮರುದಿನ ಅಂಕಣದ ನಾಲ್ಕು ಮೂಲೆಗೂ ಒಂದೊಂದು ಕಸದ ಡಬ್ಬಿ ಇಡಿಸಿ, ವಾಂತಿಯಾಗುವವರೆಗೂ ಅವರನ್ನು ಓಡಿಸಿದರು. ಇದನ್ನು ಅವರ ಅಭಿಮಾನಿಗಳು ನಗುತ್ತ ಹೇಳುವುದುಂಟು. ನನಗೆ ನಗು ಬರುವುದಿಲ್ಲ. ದಣಿವು ಬೇರೆ, ಅವಮಾನ ಬೇರೆ. ಅವರ ತೀಕ್ಷ್ಣವಾದ ನೋಟವೂ ಪ್ರಸಿದ್ಧ. ಆ ನೋಟಕ್ಕೆ ಸಿಕ್ಕಿ ನಡುಗಿದವರು ಬಹಳ. ಹೆಣ್ಣು ಶಿಕ್ಷಕಿಗೆ ಗಂಡಸರ ಲೋಕದಲ್ಲಿ ಕಠಿಣಳಾಗದೆ ಉಪಾಯವಿರಲಿಲ್ಲವೆಂದು ಕೆಲವರು ಸಮರ್ಥಿಸುತ್ತಾರೆ. ಇರಬಹುದು. ಆದರೆ ಮುಂದಿನ ಮೂರು ಸಾಲಿನ ನಿಯಮ ಅವರ ಹುಡುಗಿಯರಿಗೆ ಪದವಿ ತಂದಿತು. ಕಸದ ಡಬ್ಬಿ ಏನು ತಂದಿತೋ ನನಗೆ ತೋರದು.

ನಮ್ಮ ಕಡೆ ಆಟ ಕಲಿಸುವವರ ಪಾಡೇನು? ಶಾಲೆಯಲ್ಲಿ ಅವರನ್ನು ‘ಡ್ರಿಲ್ ಮೇಷ್ಟ್ರು’ ಎನ್ನುತ್ತೇವೆ. ಪ್ರಾರ್ಥನೆಗೆ ಸಾಲು ನಿಲ್ಲಿಸುವುದು, ಗಲಾಟೆ ಮಾಡಿದವರನ್ನು ಗದರಿಸುವುದು, ಆಗಸ್ಟ್ ಹದಿನೈದಕ್ಕೆ ಸುಣ್ಣದಲ್ಲಿ ಗೆರೆ ಎಳೆಸುವುದು. ಇವು ಅವರ ಕೆಲಸ. ಅವರ ಪೀರಿಯಡ್ಡು ಮಾತ್ರ ಡಿಸೆಂಬರಿನಿಂದಾಚೆಗೆ ಲೆಕ್ಕದ ಮೇಷ್ಟರ ಪಾಲು. ಅಧ್ಯಾಪಕರ ಕೊಠಡಿಯಲ್ಲಿ ಅವರ ಕುರ್ಚಿ ಬಾಗಿಲ ಬಳಿಯೇ ಇರುತ್ತದೆ. ನಾನು ಮುಂದಿನ ವರ್ಷ ಬಿ.ಪಿ.ಎಡ್.ಗೆ ಅರ್ಜಿ ಹಾಕುತ್ತೇನೆಂದಾಗ ನಮ್ಮ ಅಪ್ಪ, “ಅಲ್ಲ ಕಣವ್ವ, ಬಿಯ್ಯೆ ಮಾಡ್ಬುಟ್ಟು ಸೀಟಿ ಊದಕ್ಕೆ ಹೋದಿಯಾ?” ಎಂದರು. ಅಪ್ಪನ ಮೇಲೆ ನನಗೆ ಕೋಪವಿಲ್ಲ. ಸೊಪ್ಪು ಕಟ್ಟಿ ಫೀಸು ಕೊಟ್ಟವರಿಗೆ ಮಗಳು ಕುರ್ಚಿಯ ಮೇಲೆ ಕೂರುವ ಕೆಲಸ ಹಿಡಿಯಲೆಂಬ ಆಸೆ ಸಹಜವಷ್ಟೆ. ಬಿಸಿಲಿನಲ್ಲಿ ನಿಲ್ಲುವ ಕೆಲಸ ಅವರಿಗೆ ಸಾಕಾಗಿಹೋಗಿದೆ. ನಾನು ಸಮಿಟ್ ಅವರ ಸಂಬಳದ ಕಥೆ ಹೇಳಿದೆ. ತಿಂಗಳಿಗೆ ೨೫೦ ಡಾಲರಿನಿಂದ ಆರಂಭಿಸಿದವರು ೨೦೦೬ರಲ್ಲಿ ವರ್ಷಕ್ಕೆ ಹತ್ತು ಲಕ್ಷ ಡಾಲರ್ ದಾಟಿದರು. ಹೆಂಗಸರ ಬ್ಯಾಸ್ಕೆಟ್‌ಬಾಲಿನ ಶಿಕ್ಷಕರಲ್ಲಿ ಅಷ್ಟು ಪಡೆದವರು ಅವರೇ ಮೊದಲಿಗರು. “ಅದು ಅಮೇರಿಕ ಕಣವ್ವ” ಎಂದು ಅಪ್ಪ ಮಾತು ಮುಗಿಸಿದರು. ಅದಕ್ಕೆ ನನ್ನಲ್ಲಿ ಉತ್ತರವಿರಲಿಲ್ಲ. ಅರ್ಜಿಯನ್ನು ಮಾತ್ರ ತುಂಬಿಟ್ಟಿದ್ದೇನೆ.

ಹಣ ಬಂದುದರಿಂದ ಅಲ್ಲಿ ಒಂದು ವಿಪರೀತವೂ ನಡೆದಿದೆ. ೧೯೭೨ರಲ್ಲಿ ಆ ದೇಶದ ಕಾಲೇಜುಗಳ ಹುಡುಗಿಯರ ತಂಡಗಳಲ್ಲಿ ನೂರಕ್ಕೆ ತೊಂಬತ್ತಕ್ಕಿಂತ ಹೆಚ್ಚು ತಂಡಗಳಿಗೆ ಹೆಂಗಸರೇ ಶಿಕ್ಷಕರು. ಕಾನೂನು ಜಾರಿಯಾಗಿ, ಸಂಬಳ ಏರಿ, ಹುದ್ದೆಗೆ ಗೌರವ ಬಂದ ಮೇಲೆ ಗಂಡಸರು ಆ ಕೆಲಸಕ್ಕೆ ಬಂದರು. ಹೆಂಗಸರ ಪಾಲು ಅರ್ಧಕ್ಕಿಂತಲೂ ಕೆಳಗಿಳಿಯಿತು. ಬಟ್ಟೆ ಒಗೆಯುವ ಕಾಲಕ್ಕೆ ಹೆಂಗಸರು, ಹಣ ಬರುವ ಕಾಲಕ್ಕೆ ಗಂಡಸರು. ಹೀಗಿರುವಾಗ ಸಮಿಟ್ ಅವರು ತೆಗೆದುಕೊಂಡ ಒಂದು ನಿರ್ಧಾರ ನನಗೆ ಬಹಳ ಮೆಚ್ಚಿಗೆಯಾಯಿತು. ೧೯೯೪ರಲ್ಲೊಮ್ಮೆ, ೨೦೦೧ರಲ್ಲೊಮ್ಮೆ ಅವರದೇ ವಿಶ್ವವಿದ್ಯಾನಿಲಯ ಗಂಡಸರ ತಂಡಕ್ಕೆ ಶಿಕ್ಷಕಿಯಾಗಲು ಅವರನ್ನು ಕೇಳಿತು. ಎರಡು ಸಲವೂ ಬೇಡವೆಂದರು. ಹುಡುಗಿಯರನ್ನು ಬಿಟ್ಟು ಹುಡುಗರಿಗೆ ಕಲಿಸುವುದನ್ನು ಬಡ್ತಿಯೆಂದು ಏಕೆ ಎಣಿಸಬೇಕೆಂಬುದು ಅವರ ಪ್ರ���್ನೆ. ಪ್ರಶ್ನೆ ಸರಳವಾಗಿದೆ, ನಾನು ಓದಿದ ಮಟ್ಟಿಗೆ ಯಾರೂ ಅದಕ್ಕೆ ತೃಪ್ತಿಕರವಾಗಿ ಉತ್ತರ ಕೊಟ್ಟಿಲ್ಲ.

೨೦೧೧ರ ಆಗಸ್ಟ್‌ನಲ್ಲಿ, ೫೯ನೆಯ ವಯಸ್ಸಿನಲ್ಲಿ, ತಮಗೆ ಮರೆವಿನ ರೋಗವಾದ ಆಲ್ಜೈಮರ್ಸ್ ತಗುಲಿದೆಯೆಂದು ಅವರೇ ಜನಕ್ಕೆ ತಿಳಿಸಿದರು. ಮುಚ್ಚಿಡಬಹುದಾಗಿತ್ತು, ಮುಚ್ಚಿಡಲಿಲ್ಲ. ಕ್ಯಾಚಿಂಗ್ಸ್‌ಗೆ ಹೇಳಿದ್ದನ್ನು ತಾವೂ ಪಾಲಿಸಿದಂತಾಯಿತು. ಇನ್ನೂ ಒಂದು ಋತು ಅಂಕಣದ ಬದಿಯಲ್ಲಿ ಕುಳಿತರು. ಸಹಾಯಕಿಯರು ಹೆಚ್ಚಿನ ಹೊರೆ ಹೊತ್ತರು. ೨೦೧೨ರ ಏಪ್ರಿಲ್‌ನಲ್ಲಿ ಹುದ್ದೆ ಬಿಟ್ಟಾಗ ಅವರ ಸ್ಥಾನಕ್ಕೆ ಬಂದವರು ಹಾಲಿ ವಾರ್ಲಿಕ್. ಅವರು ೧೯೭೦ರ ದಶಕದಲ್ಲಿ ಸಮಿಟ್ ಅವರ ಕೈಕೆಳಗೆ ಆಡಿದವರು, ೧೯೮೫ರಿಂದ ೨೭ ವರ್ಷ ಅವರ ಪಕ್ಕದ ಕುರ್ಚಿಯಲ್ಲಿ ಸಹಾಯಕಿಯಾಗಿ ಕುಳಿತವರು. ೨೦೧೬ರ ಜೂನ್ ೨೮ರಂದು ಸಮಿಟ್ ಅವರು ತೀರಿಕೊಂಡರು, ವಯಸ್ಸು ೬೪. ಅವರ ೧,೦೯೮ ಗೆಲುವುಗಳ ದಾಖಲೆಯನ್ನು ಬೇರೆಯವರು ಆಮೇಲೆ ಮುರಿದಿದ್ದಾರೆ. ನೂರಕ್ಕೆ ನೂರು ಪದವಿಯ ದಾಖಲೆಯನ್ನು ಮುರಿಯುವ ಬಗೆ ಯಾವುದೂ ಇಲ್ಲವಷ್ಟೆ.

ಈ ಸಂಚಿಕೆಯನ್ನು ಓದುವ ಅಧ್ಯಾಪಕರಲ್ಲಿ ನನ್ನದೊಂದು ಬಿನ್ನಹವಿದೆ. ಸಂಜೆ ನಾಲ್ಕು ಗಂಟೆಯಿಂದ ಅಂಕಣ ಹುಡುಗರ ವಶದಲ್ಲಿರುತ್ತದೆ. ಹುಡುಗಿಯರಿಗೆ ದೊರೆಯುವುದು ಮಧ್ಯಾಹ್ನದ ಉರಿಬಿಸಿಲಿನ ಅರ್ಧ ಗಂಟೆ, ಅದೂ ತರಗತಿಯಿಲ್ಲದಿದ್ದರೆ. ಹುಡುಗಿಯರು ಬೇಗ ಮನೆ ಸೇರಲೆಂಬ ಕಾಳಜಿಯಿಂದ ಹೀಗೆ ಮಾಡಿದ್ದಾರೆಂದು ಕೇಳಿದ್ದೇನೆ. ನಮ್ಮ ಕಡೆಗೆ ಹೋಗುವ ಕೊನೆಯ ಬಸ್ಸು ಹೊರಡುವುದು ಆರು ಗಂಟೆಗೆ ಹತ್ತು ನಿಮಿಷ ಇರುವಾಗ. ವಾರದಲ್ಲಿ ಮೂರು ದಿನ, ನಾಲ್ಕರಿಂದ ಐದೂಕಾಲರವರೆಗೆ ಅಂಕಣವನ್ನು ನಮಗೆ ಬಿಟ್ಟುಕೊಟ್ಟರೆ ಆಡಿ, ಕೈಕಾಲು ತೊಳೆದುಕೊಂಡು, ಬಸ್ಸು ಹಿಡಿಯಬಹುದು. ನಾನು ಮಾರ್ಚ್ ಕಳೆದರೆ ಇಲ್ಲಿರುವುದಿಲ್ಲ; ಕೇಳುತ್ತಿರುವುದು ಮೊದಲನೆಯ ವರ್ಷದ ಒಂಬತ್ತು ಹುಡುಗಿಯರಿಗಾಗಿ. ಅವರ ಹೆಸರುಗಳ ಪಟ್ಟಿಯನ್ನು ದೈಹಿಕ ಶಿಕ್ಷಣ ವಿಭಾಗದಲ್ಲಿ ಕೊಟ್ಟಿದ್ದೇನೆ. ಅವರಲ್ಲಿ ಒಬ್ಬಳಿಗೂ ಹಾಜರಿಯ ರಿಯಾಯಿತಿ ಬೇಕಾಗಿಲ್ಲ, ಕೇಳಿ ನೋಡಿದ್ದೇನೆ.